ಹ್ಯಾಂಗೂ ಸವಳ ನೀರು

ನವಲಗುಂದ ಸೀಮೆಯ ಒಂದು ಹಳ್ಳಿಯ ಹೊರಗೆ, ಬಳಕೆ ತಪ್ಪಿ ಹಲವು ವರ್ಷಗಳಾಗಿದ್ದ ಕಲ್ಲುಕಟ್ಟಿನ ಬಾವಿಯೊಳಕ್ಕೆ ಮುರಿದ ಹೆಂಚು, ಗೊಬ್ಬರದ ಹರಿದ ಚೀಲ, ಹತ್ತಿಗೆ ಹೊಡೆದು ಬರಿದಾದ ಔಷಧದ ಡಬ್ಬಿ ಇವೆಲ್ಲವನ್ನೂ ಟ್ರ್ಯಾಕ್ಟರಿನಿಂದ ಸುರಿಯುತ್ತಿದ್ದುದನ್ನು ಕಂಡು, ಇದು ತರವಲ್ಲವೆಂದು ನಾನು ತುಸು ಸಂಕೋಚದಿಂದಲೇ ನುಡಿದಾಗ, ಆ ಕೆಲಸದಲ್ಲಿ ತೊಡಗಿದ್ದ ಹಿರಿಯರು ಸಿಟ್ಟಿಗೇಳಲಿಲ್ಲ, ತಲೆಯ ವಸ್ತ್ರವನ್ನು ಬಿಚ್ಚಿ ಬೆವರೊರಸಿಕೊಳ್ಳುತ್ತ, "ಹ್ಯಾಂಗೂ ಸವಳ ನೀರು ಐತ್ರಿ, ಯಾರ ಕುಡೀತಾರ ಅದನ್ನ?" ಎಂದು ನನ್ನನ್ನೇ ಕೇಳಿದರು. ಅದಕ್ಕೆ ಅಲ್ಲಿಯೇ ಉತ್ತರ ಹೇಳಲು ನನ್ನಿಂದಾಗಲಿಲ್ಲ. ಅವರ ಮಾತು ಅಂದಿನಿಂದ ನನ್ನನ್ನು ಬಿಟ್ಟಿಲ್ಲ. ಏಕೆಂದರೆ ಅದು ಅವರೊಬ್ಬರ ಮಾತಾಗಿರದೆ, ನಗರದ ಚರಂಡಿಯನ್ನು ಹಳ್ಳಕ್ಕೆ ತಿರುಗಿಸಿದವರ ಮಾತೂ, ಊರಿನ ಕೆರೆಯ ಅಂಗಳದಲ್ಲಿ ನಿವೇಶನ ಹಂಚಿದವರ ಮಾತೂ, ನೀರಿನ ಯೋಜನೆಗಳನ್ನು ಬರೆಯುವಾಗ ನೆಲದಡಿಯ ನೀರಿನ ಪುಟವನ್ನು ಬರಿದಾಗಿಯೇ ಬಿಟ್ಟವರ ಮಾತೂ ಆಗಿದೆ. ಧಾರವಾಡ ಜಿಲ್ಲೆಯ ಬಯಲು ತಾಲೂಕುಗಳ ಅಂತರ್ಜಲವು ಸವಳೆಂಬ ಒಂದೇ ಕಾರಣಕ್ಕಾಗಿ ಅದರ ಮೇಲಿನ ಹಕ್ಕನ್ನೂ ಹೊಣೆಯನ್ನೂ ನಾವೆಲ್ಲರೂ ಒಟ್ಟಿಗೆ ಬಿಟ್ಟುಕೊಟ್ಟಿರುವುದೇ ಅದಕ್ಕೊದಗಿದ ಅತಿ ದೊಡ್ಡ ವಿಪತ್ತೆಂದು ನಾನು ತಿಳಿದಿದ್ದೇನೆ.

ಈ ಜಿಲ್ಲೆಯ ನೆಲವನ್ನು ಬಲ್ಲವರಿಗೆ ಅದರ ಎರಡು ಮುಖಗಳ ಪರಿಚಯ ಇದ್ದೇ ಇರುತ್ತದೆ. ಪಶ್ಚಿಮದ ಕಲಘಟಗಿಯ ಕಡೆ ಮಲೆನಾಡಿನ ಸೆರಗು; ಕೆಂಪು ಮಣ್ಣು, ಭತ್ತದ ಗದ್ದೆ, ತೊಟ್ಟಿಲಿಗೆ ಬಣ್ಣ ಬರೆಯುವ ಕುಶಲರ ಊರು, ಒಂದರ ಮಗ್ಗುಲಿಗೆ ಇನ್ನೊಂದಾಗಿ ಕೆರೆಗಳು; ಅಲ್ಲಿಯ ನೀರು ಬೇಡತಿಯಾಗಿ ಹರಿದು, ಗಂಗಾವಳಿಯೆಂಬ ಹೆಸರು ತಳೆದು, ಪಶ್ಚಿಮ ಸಮುದ್ರವನ್ನು ಸೇರುತ್ತದೆ. ಧಾರವಾಡ ಹುಬ್ಬಳ್ಳಿಗಳ ದಿಬ್ಬವನ್ನಿಳಿದು ಪೂರ್ವಕ್ಕೆ ನಡೆದೆವೆಂದರೆ ಕುಂದಗೋಳ, ನವಲಗುಂದ, ಅಣ್ಣಿಗೇರಿಗಳ ಎರೆಯ ಬಯಲು ತೆರೆದುಕೊಳ್ಳುತ್ತದೆ. ಕಣ್ಣು ಹಾಯುವವರೆಗೂ ಬಿಳಿಜೋಳ, ಕಡಲೆ, ಹತ್ತಿ, ಒಣಮೆಣಸಿನಕಾಯಿ. ಶಾಸನಗಳು ಬೆಳ್ವೊಲ ಮುನ್ನೂರೆಂದು ಕರೆದ ನಾಡು ಇದೇ. ಅಣ್ಣಿಗೇರಿ ಅದರ ರಾಜಧಾನಿಯಾಗಿ ಮೆರೆದುದು, ಪಂಪನ ತಾಯಿ ಅಬ್ಬಣಬ್ಬೆ ಆ ಊರಿನ ಜೋಯಿಸ ಸಿಂಘನ ಮೊಮ್ಮಗಳಾಗಿದ್ದುದು ಓದುಗರಿಗೆ ತಿಳಿದ ಸಂಗತಿ. ಇಷ್ಟು ಸಮೃದ್ಧವಾದ ನಾಡಿಗೆ ಕುಡಿಯುವ ನೀರು ಮಾತ್ರ ಎಂದೂ ಸುಲಭವಾಗಿ ದಕ್ಕಿದುದಲ್ಲ. ಶಿಗ್ಗಾವಿಯ ಕಡೆಯ ದುಂಡಶಿಯ ಬಳಿ ಹುಟ್ಟಿ ಈ ಬಯಲನ್ನೆಲ್ಲ ಬಳಸಿಕೊಂಡು ಮಲಪ್ರಭೆಯನ್ನು ಸೇರುವ ಹಳ್ಳಕ್ಕೆ ಬೆಣ್ಣಿಹಳ್ಳವೆಂದೂ, ಅದನ್ನು ಕೂಡಿಕೊಳ್ಳುವ ಇನ್ನೊಂದಕ್ಕೆ ತುಪ್ಪರಿಹಳ್ಳವೆಂದೂ ನಮ್ಮ ಹಿರಿಯರು ಹೆಸರಿಟ್ಟರು. ಬೆಣ್ಣೆ ತುಪ್ಪಗಳ ಹೆಸರು ಹೊತ್ತ ಆ ಹಳ್ಳಗಳ ನೀರನ್ನು ಬೇಸಿಗೆಯಲ್ಲಿ ನಾಲಗೆಗೆ ಹಚ್ಚಿದವರಿಗೆ, ಹೆಸರಿಟ್ಟವರು ಹೊಲದ ಫಸಲನ್ನು ನೆನೆದು ಇಟ್ಟರೋ, ವಿನೋದಕ್ಕೆ ಇಟ್ಟರೋ ಎಂಬ ಸಂದೇಹ ಬರದೆ ಇರದು.

ಸವಳು ಇಲ್ಲಿಗೆ ಎಲ್ಲಿಂದ ಬಂದಿತು? ಸಮುದ್ರವು ಇಲ್ಲಿಂದ ನೂರಕ್ಕೂ ಹೆಚ್ಚು ಕಿಲೋಮೀಟರು ದೂರ; ನಡುವೆ ಸಹ್ಯಾದ್ರಿ. ಆದುದರಿಂದ ಉಪ್ಪು ನೆಲದೊಳಗಿನಿಂದಲೇ ಹುಟ್ಟಿದುದು. ೧೮೮೦ರ ದಶಕದಲ್ಲಿ ಭೂವಿಜ್ಞಾನಿ ರಾಬರ್ಟ್ ಬ್ರೂಸ್ ಫೂಟ್ ಯಾವ ಪ್ರಾಚೀನ ಶಿಲಾಸಮೂಹಕ್ಕೆ ನಮ್ಮ ಊರಿನ ಹೆಸರನ್ನೇ ಕೊಟ್ಟು ಲೋಕವಿಖ್ಯಾತಗೊಳಿಸಿದನೋ, ಆ ಧಾರವಾಡ ಶಿಲೆಗಳು ಯುಗಯುಗಾಂತರಗಳಿಂದ ಬಿಸಿಲು ಮಳೆಗಳಿಗೆ ಸಿಕ್ಕಿ ಶಿಥಿಲವಾಗುತ್ತ ಬಂದಂತೆ, ಅವುಗಳೊಳಗಿನ ಸೋಡಿಯಂ, ಕ್ಯಾಲ್ಸಿಯಂ, ಮೆಗ್ನೀಸಿಯಂ ಮುಂತಾದ ಲವಣಾಂಶಗಳು ನೀರಿಗಿಳಿದವು. ಮಳೆ ಹೆಚ್ಚಿರುವ ಕಲಘಟಗಿಯಲ್ಲಿ ಅವನ್ನು ಹಳ್ಳಕೊಳ್ಳಗಳು ಹೊತ್ತುಕೊಂಡು ಹೋದುವು. ಆದರೆ ಅಲ್ಲಿಯ ಮಳೆಯ ಹೆಚ್ಚುಕಡಿಮೆ ಅರ್ಧದಷ್ಟು ಮಾತ್ರ ಕಾಣುವ ನವಲಗುಂದದ ಬಯಲಿನಲ್ಲಿ, ಇಳಿಜಾರೂ ಕಡಿಮೆ, ಎರೆಮಣ್ಣಿನ ಜಿಗುಟೂ ಹೆಚ್ಚಾದುದರಿಂದ, ಸೂರ್ಯನು ನೀರನ್ನು ಮಾತ್ರ ಎತ್ತಿಕೊಂಡು ಉಪ್ಪನ್ನು ಇಲ್ಲಿಯೇ ಬಿಟ್ಟುಹೋದನು. ಹೀಗೆ ಸಾವಿರಾರು ವರ್ಷ ನಡೆದ ವ್ಯವಹಾರದ ಶಿಲ್ಕೇ ಇಂದಿನ ಸವಳು ನೀರು. ಬೇಳೆ ಬೇಯದು, ಸಾಬೂನು ನೊರೆಯೇಳದು, ತಲೆಗೂದಲು ಹಗ್ಗವಾಗುವುದು. ಕೆಲವು ಹಳ್ಳಿಗಳಲ್ಲಿ ಇದರ ಜೊತೆಗೆ ಫ್ಲೋರೈಡಿನ ಬಾಧೆಯೂ ಸೇರಿ ಹಲ್ಲು ಎಲುಬುಗಳನ್ನು ಕೆಡಿಸುತ್ತ ಬಂದಿದೆ.

ಇದೆಲ್ಲ ನಿಸರ್ಗದ ವ್ಯವಸ್ಥೆ. ಅದಕ್ಕಾಗಿ ಯಾರನ್ನೂ ದೂರುವಂತಿಲ್ಲ. ನಮ್ಮ ಪೂರ್ವಿಕರೂ ದೂರುತ್ತ ಕುಳಿತವರಲ್ಲ. ಅವರು ಕೆರೆ ಕಟ್ಟಿದರು. ಎರೆಯ ಸೀಮೆಯ ಊರುಗಳಲ್ಲಿ ಎರಡು ನೀರಿನ ಲೆಕ್ಕ ಇದ್ದಿತು: ಬಾವಿಯ ಸವಳು ದನಕರುಗಳಿಗೆ, ಬಟ್ಟೆಪಾತ್ರೆಗಳಿಗೆ; ಮಳೆಯ ಸಿಹಿನೀರು ನಿಂತ ಕೆರೆ ಮನುಷ್ಯರ ಬಾಯಿಗೆ ಮಾತ್ರ. ಆ ಕೆರೆಯ ಶಿಸ್ತು ಎಂಥದಿದ್ದಿತೆಂಬುದನ್ನು ನೋಡಿದವರು ಇನ್ನೂ ಇದ್ದಾರೆ. ಏರಿಯನ್ನು ಹತ್ತುವ ಮುನ್ನ ಕಾಲ್ಮೆಟ್ಟು ಕಳಚಬೇಕು, ದನವನ್ನು ಇಳಿಸಬಾರದು, ಅರಿವೆ ಒಗೆಯುವ ಮಾತಂತೂ ಇಲ್ಲ, ಕೆರೆಗೆ ನೀರು ಹರಿದುಬರುವ ಮೇಲಿನ ನೆಲದಲ್ಲಿ ಬಯಲಿಗೆ ಕುಳಿತವನಿಗೆ ದಂಡ. ನವಲಗುಂದ ಪಟ್ಟಣಕ್ಕೆ ನೀಲಮ್ಮನ ಕೆರೆ ಹೇಗೋ ಹಾಗೆ ಪ್ರತಿಯೊಂದು ಊರಿಗೂ ಅದರದರ ಕೆರೆ. ಈ ಚಿತ್ರವನ್ನು ಬಣ್ಣಿಸುವಾಗ ನಾವು ಮರೆತುಬಿಡುವ ಒಂದು ಸಂಗತಿಯನ್ನೂ ಇಲ್ಲಿಯೇ ಹೇಳಿಬಿಡಬೇಕು: ಕೆರೆಯನ್ನು ಅಷ್ಟು ಮಡಿಯಲ್ಲಿ ಕಾಯ್ದ ಅದೇ ಊರು, ದಲಿತರ ಕೇರಿಯ ಹೆಣ್ಣುಮಕ್ಕಳನ್ನು ಏರಿಯ ಕೆಳಗೆ ನಿಲ್ಲಿಸಿ, ಮೇಲಿನವರಾರಾದರೂ ಕನಿಕರಿಸಿ ಕೊಡಕ್ಕೆ ಸುರಿಯುವವರೆಗೂ ಕಾಯಿಸುತ್ತಿತ್ತು. ನೀರಿನ ಶುಚಿತ್ವದ ವಿವೇಕಕ್ಕೂ ಜಾತಿಯ ಮೈಲಿಗೆಯ ಅವಿವೇಕಕ್ಕೂ ಒಂದೇ ಹಗ್ಗ ಸುತ್ತಿದ್ದಿತು. ಎರಡನೆಯದನ್ನು ಬಿಚ್ಚಿ ಬಿಸುಡಬೇಕಾದುದು ನ್ಯಾಯವೇ ಆಗಿತ್ತು. ಬಿಚ್ಚುವ ಗಡಿಬಿಡಿಯಲ್ಲಿ ಮೊದಲನೆಯದೂ ಕೈಜಾರಿ ಹೋಯಿತು.

ಆ ಕೆರೆಗಳು ಮಾಡುತ್ತಿದ್ದ ಇನ್ನೊಂದು ಉಪಕಾರ ಕಣ್ಣಿಗೆ ಕಾಣದಂಥದು. ಕೆರೆಯ ಏರಿಯ ಹಿಂಬದಿಯ ಬಾವಿ ಸಿಹಿಯಾಗಿರುವುದನ್ನೂ, ಅದರಿಂದ ನಾಲ್ಕು ಹೊಲ ದಾಟಿದ ಬಾವಿ ಬಾಯಿಗಿಡಲಾರದಷ್ಟು ಸವಳಾಗಿರುವುದನ್ನೂ ಎರೆಯ ನಾಡಿನ ರೈತರು ಎಂದಿನಿಂದಲೂ ಬಲ್ಲರು. ಕೆರೆಯಿಂದ ಮೆಲ್ಲಮೆಲ್ಲನೆ ಬಸಿದ ಮಳೆನೀರು ಕೆಳಗಿನ ಸವಳು ನೀರಿನೊಡನೆ ಒಮ್ಮೆಗೇ ಬೆರೆಯದೆ, ಮೊಸರಿನ ಮೇಲಣ ಕೆನೆಯಂತೆ, ತೆಳುವಾದ ಪದರವಾಗಿ ಅದರ ಮೇಲೆ ನಿಲ್ಲುತ್ತದೆ. ಸಮುದ್ರತೀರದವರಿಗೆ ಇದು ಹೊಸತಲ್ಲ. ಹಾಲೆಂಡಿನ ಬ್ಯಾಡನ್ ಘೀಬೆನ್ನನೂ ಜರ್ಮನಿಯ ಹರ್ಜ್‌ಬರ್ಗನೂ ಹತ್ತೊಂಬತ್ತನೆಯ ಶತಮಾನ ಮುಗಿದು ಇಪ್ಪತ್ತನೆಯದು ಮೊದಲಾಗುವ ಹೊತ್ತಿಗೆ ಬೇರೆಬೇರೆಯಾಗಿಯೇ ಕಂಡುಕೊಂಡ ಲೆಕ್ಕದ ಪ್ರಕಾರ, ಕಡಲ ಮಟ್ಟದ ಮೇಲೆ ಒಂದು ಅಡಿ ಸಿಹಿನೀರು ನಿಂತಿದ್ದರೆ ಅದರ ಕೆಳಗೆ ಸುಮಾರು ನಲವತ್ತು ಅಡಿ ಸಿಹಿನೀರು ಉಪ್ಪುನೀರನ್ನು ಒತ್ತಿಹಿಡಿದಿರುತ್ತದೆ. ಮೇಲಿನ ಒಂದಡಿಯನ್ನು ಪಂಪಿನಿಂದ ಎಳೆದುಬಿಟ್ಟರೆ ಕೆಳಗಿನಿಂದ ನಲವತ್ತಡಿ ಉಪ್ಪು ಮೇಲೇಳುತ್ತದೆ. ನಮ್ಮ ಕರಾವಳಿಯ ನದೀಮುಖಗಳ ಬಳಿಯ ಬಾವಿಗಳು ಬೇಸಿಗೆಯಲ್ಲಿ ಉಪ್ಪಾಗುವುದರ ರಹಸ್ಯ ಇದು. ನವಲಗುಂದದ ಸವಳು ಸಮುದ್ರದಷ್ಟು ಭಾರವಾದುದಲ್ಲವಾದ ಕಾರಣ ಆ ಲೆಕ್ಕ ಇಲ್ಲಿಗೆ ಹಾಗೆಯೇ ಒಪ್ಪದು; ಆದರೂ ನಡೆಯುವ ರೀತಿ ಅದೇ. ಕೆರೆ ಹೂಳು ತುಂಬಿ ಬತ್ತಿತೆಂದರೆ, ಅಥವಾ ಅದರ ಮಗ್ಗುಲಿಗೆ ನೂರಾರು ಅಡಿಯ ಕೊಳವೆಬಾವಿಯನ್ನು ಕೊರೆದು ಹಗಲಿರುಳು ಎತ್ತತೊಡಗಿದೆವೆಂದರೆ, ಆ ಕೆನೆ ಹರಿದು ಕೆಳಗಿನ ಸವಳು ಮೇಲಕ್ಕೆ ಬರುತ್ತದೆ. ಕಡಲಿಲ್ಲದ ನಾಡಿಗೂ ಉಪ್ಪುನೀರು ನುಗ್ಗಬಲ್ಲುದು; ಅದು ಬದಿಯಿಂದ ಬರುವುದಿಲ್ಲ, ಕೆಳಗಿನಿಂದ ಏಳುತ್ತದೆ.

ಇನ್ನೊಂದು ದಾರಿಯಿಂದಲೂ ಏಳುತ್ತದೆ. ಸವದತ್ತಿಯ ಬಳಿಯ ನವಿಲುತೀರ್ಥದಲ್ಲಿ ಮಲಪ್ರಭೆಗೆ ಅಡ್ಡಲಾಗಿ ೩೭.೭೩ ಟಿ.ಎಂ.ಸಿ. ನೀರು ಹಿಡಿಯುವ ಅಣೆಕಟ್ಟು ಎದ್ದು, ೧೯೭೦ರ ದಶಕದಲ್ಲಿ ಬಲದಂಡೆಯ ಕಾಲುವೆ ನವಲಗುಂದ ನರಗುಂದಗಳ ಎರೆಹೊಲಗಳಿಗೆ ಹರಿದುಬಂದಾಗ, ತಲೆತಲಾಂತರದಿಂದ ಮುಗಿಲು ನೋಡಿಕೊಂಡು ಬದುಕಿದ್ದ ಜನಕ್ಕೆ ಭಗೀರಥನೇ ಮನೆಬಾಗಿಲಿಗೆ ಬಂದಂತಾಯಿತು. ಅದೇ ಕಾಲಕ್ಕೆ, ೧೯೭೨ರಲ್ಲಿ, ಧಾರವಾಡದ ಸಂಶೋಧನಾ ಕೇಂದ್ರದಲ್ಲಿ ಕಟಾರಕಿಯವರು ಸಾಧಿಸಿದ ವರಲಕ್ಷ್ಮಿ ಎಂಬ ಹತ್ತಿಯ ತಳಿಯೂ ಬಂದು, ಬಯಲೆಲ್ಲ ಬೆಳ್ಳಗೆ ನಕ್ಕಿತು. ಆದರೆ ನೀರು ತರುವ ಕಾಲುವೆಗೆ ಸಿಕ್ಕ ಗಮನದ ನಾಲ್ಕಾಣೆಯಷ್ಟೂ ನೀರು ಹೊರಹಾಕುವ ಬಸಿಗಾಲುವೆಗೆ ಸಿಕ್ಕಲಿಲ್ಲ. ಮಳೆಯ ತೇವವನ್ನೇ ತಿಂಗಳುಗಟ್ಟಲೆ ಹಿಡಿದಿಟ್ಟುಕೊಳ್ಳಬಲ್ಲ ಎರೆಮಣ್ಣಿಗೆ ಗದ್ದೆಗೆ ಹಾಯಿಸಿದಂತೆ ಹಾಯಿಸಿದ ನೀರು ಕೆಳಗಿಳಿದು, ಅಲ್ಲಿಯ ಸವಳನ್ನು ಎಬ್ಬಿಸಿಕೊಂಡು, ಬೇರಿನ ಮಟ್ಟಕ್ಕೆ ಬಂದಿತು. ಮೇಲೆ ಆವಿಯಾಗಿ ನೆಲದ ಮೇಲೆ ಬಿಳಿಯ ಉಪ್ಪಿನ ಹೊದಿಕೆ ಬಿಟ್ಟಿತು. ಸರಕಾರದ ಕಾಗದಗಳಲ್ಲಿ ಇದಕ್ಕೆ ಸವಳು-ಜವಳು ಎಂದು ಹೆಸರು. ರೈತರು ಕರಲು ಬಿದ್ದಿತು ಎನ್ನುತ್ತಾರೆ.

ಈ ಏರುವ ನೀರನ್ನು ಮೊದಲು ಕಂಡುಹಿಡಿದುದು ಯಾವ ಮಾಪಕಯಂತ್ರವೂ ಅಲ್ಲ, ಹಗೇವುಗಳೆಂದು ಹಿರಿಯರು ನನಗೆ ಹೇಳಿದ್ದುಂಟು. ಮನೆಯ ಮುಂದೆ, ಓಣಿಯ ನಡುವೆ, ಆಳುದ್ದಕ್ಕೂ ಮೀರಿ ತೋಡಿ, ಹುಲ್ಲು ಹಾಸಿ, ಜೋಳವನ್ನು ತುಂಬಿ ಬಾಯಿ ಮುಚ್ಚಿದರೆ ಬರಗಾಲ ಬರುವವರೆಗೂ ಕೆಡದಂತೆ ಇರಿಸುತ್ತಿದ್ದ ಆ ನೆಲದೊಳಗಿನ ಕಣಜಗಳು ಒಣನೆಲದ ಭರವಸೆಯ ಮೇಲೆ ನಿಂತಿದ್ದುವು. ಕಾಲುವೆ ಬಂದ ಕೆಲವು ವರ್ಷಗಳಲ್ಲಿ, ಹಗೇವಿನ ಬಾಯಿ ತೆಗೆದವರಿಗೆ ತಳದ ಕಾಳು ಮುಗ್ಗಿ ಕಪ್ಪಾಗಿರುವುದು ಕಂಡಿತು. ಪಡಿಜೋಳ ಕೆಟ್ಟಿತಲ್ಲಾ ಎಂದು ಹೆಂಗಸರು ಮರುಗಿದರು, ಹಗೇವನ್ನು ಮಣ್ಣು ತುಂಬಿ ಮುಚ್ಚಿದರು. ನೆಲದಡಿಯ ನೀರು ಊರಿನೊಳಕ್ಕೆ ಬಂದಿತೆಂಬ ಆ ಸೂಚನೆಯನ್ನು ಬರೆದಿಟ್ಟುಕೊಳ್ಳಬೇಕಾದವರು ಅಲ್ಲಿರಲಿಲ್ಲ.

ಅಲ್ಲಿಗೆ ಬಂದವರು ಅಭಿವೃದ್ಧಿ ಕರದ ಲೆಕ್ಕ ಹಿಡಿದುಕೊಂಡು ಬಂದರು. ನೀರಾವರಿಯಿಂದ ಭೂಮಿಯ ಬೆಲೆ ಏರಿತೆಂಬ ತರ್ಕದ ಮೇಲೆ ವಿಧಿಸಿದ ಆ ಕರವನ್ನು, ಹತ್ತಿಯ ಧಾರಣೆ ಕುಸಿದು, ಹೊಲದ ಒಂದು ಮೂಲೆ ಕರಲು ಬೀಳುತ್ತಿದ್ದ ಹೊತ್ತಿನಲ್ಲಿ, ಪೀಕಿಗೆ ನೀರು ಮುಟ್ಟದ ತುದಿಯ ಹೊಲದವರಿಂದಲೂ ಕೇಳಿದುದರ ಪರಿಣಾಮವೇನಾಯಿತೆಂಬುದು ಚರಿತ್ರೆ. ೧೯೮೦ರ ಜುಲೈ ೨೧ರಂದು ನವಲಗುಂದದಲ್ಲಿ ಪೊಲೀಸರ ಗುಂಡಿಗೆ ಅಳಗವಾಡಿಯ ಬಸಪ್ಪ ಲಕ್ಕುಂಡಿ ಬಲಿಯಾದರು. ಅದೇ ದಿನ ನರಗುಂದವೂ ಹೊತ್ತಿ ಉರಿಯಿತು. ಕರ್ನಾಟಕದ ರೈತ ಚಳವಳಿಯ ಒಂದು ಯುಗ ಅಲ್ಲಿಂದ ಮೊದಲಾಯಿತು. ಪ್ರತಿವರ್ಷ ಆ ದಿನ ಹುತಾತ್ಮರ ವೀರಗಲ್ಲಿಗೆ ಮಾಲೆ ಬೀಳುತ್ತದೆ, ಭಾಷಣಗಳಾಗುತ್ತವೆ. ಕರ ಹೋಯಿತು, ಕರಲು ಉಳಿಯಿತು. ಆ ಮಾಲೆಯ ದಿನ ವೇದಿಕೆಯ ಮೇಲೆ ಬಸಿಗಾಲುವೆಯ ಮಾತನ್ನು ಯಾರಾದರೂ ಎತ್ತಿದುದನ್ನು ನಾನು ಕೇಳಿಲ್ಲ. ಪ್ರಾಚೀನ ಮೆಸೊಪೊಟೇಮಿಯದ ಮಣ್ಣಿನ ಫಲಕಗಳನ್ನು ಓದಿದ ಜೇಕಬ್‌ಸನ್ ಮತ್ತು ಆಡಮ್ಸ್ ಎಂಬ ವಿದ್ವಾಂಸರು ೧೯೫೮ರಲ್ಲಿ ಬರೆದ ಪ್ರಬಂಧವೊಂದರಲ್ಲಿ, ಕಾಲುವೆಗಳಿಂದಲೇ ಬೆಳಗಿದ ಆ ನಾಡಿನ ದಕ್ಷಿಣ ಭಾಗದಲ್ಲಿ ನೆಲ ಉಪ್ಪಾಗುತ್ತ ಬಂದಂತೆ ಗೋಧಿ ಹಿಂದೆ ಸರಿದು, ಉಪ್ಪನ್ನು ತುಸು ತಾಳಿಕೊಳ್ಳಬಲ್ಲ ಬಾರ್ಲಿ ಅದರ ಜಾಗವನ್ನು ಹಿಡಿದುದನ್ನು ತೋರಿಸಿದರು. ನಾಲ್ಕು ಸಾವಿರ ವರ್ಷಗಳ ಹಿಂದಿನ ಈ ಕಥೆಯನ್ನು ಓದುವಾಗ ನನಗೆ ನೆನಪಾದುದು ಕಾಲುವೆಯ ಕೆಳಗಣ ಎರೆಯ ತಗ್ಗುಗಳಲ್ಲಿ ಜಾಲಿ ಮಾತ್ರ ಬೆಳೆದು ನಿಂತ ಹೊಲಗಳು. ನೀರು ಮತ್ತು ನೆಲಗಳ ನಿರ್ವಹಣೆಯನ್ನು ಕಲಿಸುವುದಕ್ಕೆಂದೇ ಸ್ಥಾಪಿತವಾದ ವಾಲ್ಮಿ ಸಂಸ್ಥೆ ಧಾರವಾಡದ ಮಗ್ಗುಲಲ್ಲಿಯೇ ಇದೆ. ಬಸಿಕೊಳವೆಗಳನ್ನು ನೆಲದೊಳಗೆ ಹೂಳಿ ಸವಳನ್ನು ತೊಳೆದು ತೆಗೆಯುವ ವಿದ್ಯೆ ನಮ್ಮ ಕೃಷಿವಿಜ್ಞಾನಿಗಳಿಗೆ ಹೊಸತಲ್ಲ. ವಿದ್ಯೆಗೂ ಹೊಲಕ್ಕೂ ನಡುವೆ ಹತ್ತಾರು ಮೈಲಿಗಳ ದಾರಿ ಮಾತ್ರ ಇರುವ ಜಿಲ್ಲೆಯಲ್ಲಿ ಆ ದಾರಿ ಇಷ್ಟು ದೀರ್ಘವೆನಿಸಬೇಕಾಗಿರಲಿಲ್ಲ.

ಇಲ್ಲಿಯವರೆಗೆ ಹೇಳಿದುದು ಉಪ್ಪಿನ ಮಾತು. ಹೊಲಸಿನ ಮಾತು ಬೇರೆ. ಅದನ್ನು ಹೇಳಲು ಹುಬ್ಬಳ್ಳಿಗೆ ಹೋಗಬೇಕು. ೧೯೫೫ರಲ್ಲಿ ಕಲಘಟಗಿ ತಾಲೂಕಿನ ದುಮ್ಮವಾಡದ ಬಳಿ ಬೇಡತಿಯ ನೀರಿಗೆ ಕಟ್ಟೆ ಕಟ್ಟಿ ನೀರಸಾಗರವನ್ನು ನಿರ್ಮಿಸಿದುದು ಹುಬ್ಬಳ್ಳಿಯ ದಾಹ ತಣಿಸುವುದಕ್ಕಾಗಿ; ನಗರ ಬೆಳೆದು ಅದೂ ಸಾಲದಾದಾಗ ನವಿಲುತೀರ್ಥದಿಂದ ಮಲಪ್ರಭೆಯ ನೀರನ್ನು ತರಲಾಯಿತು. ಹೀಗೆ ಪಶ್ಚಿಮದ ಹಳ್ಳಿಗರ ಕೆರೆಯನ್ನೂ ಉತ್ತರದ ರೈತರ ಅಣೆಕಟ್ಟನ್ನೂ ಕುಡಿದ ನಗರ, ಕುಡಿದುಳಿದುದನ್ನು ಪೂರ್ವಕ್ಕೆ ಬಿಡುತ್ತದೆ. ಊರಿನ ನಡುವೆ ಹರಿಯುವ ನಾಲೆ ಬಿಡನಾಳ, ಗಬ್ಬೂರುಗಳ ಕಡೆ ಸಾಗಿ ಬೆಣ್ಣಿಹಳ್ಳದ ದಾರಿ ಹಿಡಿಯುತ್ತದೆ. ಗಬ್ಬೂರು, ಕಟ್ನೂರುಗಳ ರೈತರು ಆ ಕೊಳೆನೀರನ್ನೇ ಪಂಪಿನಿಂದೆತ್ತಿ ಕಾಯಿಪಲ್ಲೆ ಬೆಳೆದು ಹುಬ್ಬಳ್ಳಿಯ ಸಂತೆಗೇ ಮಾರುತ್ತಿದ್ದುದನ್ನು ಈ ಶತಮಾನದ ಆರಂಭದಲ್ಲಿ ಧಾರವಾಡದ ಕೃಷಿ ವಿಶ್ವವಿದ್ಯಾಲಯದ ಸಂಶೋಧಕರು ವಿದೇಶದ ವಿದ್ವಾಂಸರೊಡಗೂಡಿ ಅಧ್ಯಯನ ಮಾಡಿದ್ದರು. ಆ ರೈತರನ್ನು ನಾನು ಹಳಿಯಲಾರೆ. ವರ್ಷವಿಡೀ ತಪ್ಪದೆ ಹರಿಯುವ, ಗೊಬ್ಬರವನ್ನೂ ಹೊತ್ತುತರುವ ನೀರು ಮನೆಯ ಮುಂದೆ ಹೋಗುತ್ತಿರಲು, ಬಾವಿ ತೋಡಿದರೆ ಬರುವುದು ಸವಳಾಗಿರಲು, ಅವರು ಮಾಡಿದುದನ್ನು ಯಾರಾದರೂ ಮಾಡುತ್ತಿದ್ದರು. ಅನಂತರ ಶುದ್ಧೀಕರಣದ ಘಟಕಗಳು ಬಂದಿವೆ, ಮೊದಲಿಗಿಂತ ಸ್ಥಿತಿ ಸುಧಾರಿಸಿರಬಹುದು. ಆದರೆ ನಗರವು ತಾನು ಕುಡಿದ ಸಿಹಿನೀರಿಗೆ ಬದಲಾಗಿ ಏನನ್ನು ಹಿಂದಿರುಗಿಸುತ್ತಿದೆ ಎಂಬ ಪ್ರಶ್ನೆಯನ್ನು ಮಹಾನಗರ ಪಾಲಿಕೆಯ ಚುನಾವಣೆಯಲ್ಲಿ ಯಾರೂ ಕೇಳುವುದಿಲ್ಲ, ಏಕೆಂದರೆ ಉತ್ತರ ಬೇಕಾದವರ ಮತ ನವಲಗುಂದ ಕುಂದಗೋಳಗಳಲ್ಲಿದೆ.

ಹಳ್ಳದ ಕೊಳೆಯು ಹಳ್ಳದಲ್ಲಿಯೇ ಉಳಿಯುವುದೆಂದು ತಿಳಿಯುವುದು ಎರೆಮಣ್ಣಿನ ಸ್ವಭಾವವನ್ನು ಅರಿಯದವರ ಮಾತು. ಒದ್ದೆಯಾದಾಗ ಬಿಗಿದುಕೊಂಡು ಹನಿಯನ್ನೂ ಒಳಬಿಡದಂತೆ ತೋರುವ ಇದೇ ಮಣ್ಣು ಬೇಸಿಗೆಯಲ್ಲಿ ಕಾಲು ಹುಗಿಯುವಷ್ಟು ಅಗಲ, ಕೋಲು ಇಳಿಯುವಷ್ಟು ಆಳ ಬಿರಿಯುತ್ತದೆ. ಮೊದಲ ಅಡ್ಡಮಳೆಯ ನೀರು ಹೊಲದ ಯೂರಿಯಾವನ್ನೂ, ತಿಪ್ಪೆಯ ರಸವನ್ನೂ, ಅವಸರದಲ್ಲಿ ಕಟ್ಟಿದ ಶೌಚದ ಗುಂಡಿಯದನ್ನೂ ಕೂಡಿಸಿಕೊಂಡು ಆ ಬಿರುಕುಗಳೊಳಗೆ ನೇರವಾಗಿ ಇಳಿದುಬಿಡುತ್ತದೆ. ನೈಟ್ರೇಟು ಲೀಟರಿಗೆ ೪೫ ಮಿಲಿಗ್ರಾಂ ದಾಟಬಾರದೆಂದು ಭಾರತೀಯ ಮಾನಕ ಹೇಳುತ್ತದೆ. ಅದಕ್ಕೆ ಬಣ್ಣವಿಲ್ಲ, ರುಚಿಯಿಲ್ಲ. ಸವಳು ತಾನಾಗಿಯೇ ನಾಲಗೆಗೆ ಎಚ್ಚರ ಹೇಳುತ್ತದೆ, ಇದು ಹೇಳುವುದಿಲ್ಲ.

ಇನ್ನು ಶುದ್ಧ ಕುಡಿಯುವ ನೀರಿನ ಘಟಕಗಳು. ಪಕ್ಕದ ಗದಗ ಜಿಲ್ಲೆಯಲ್ಲಿ ಮೊದಲು ನೆಲೆಯೂರಿ ರಾಜ್ಯವೆಲ್ಲ ಹಬ್ಬಿದ ಈ ಯಂತ್ರಗಳಿಂದ ಜನಕ್ಕಾದ ಉಪಕಾರವನ್ನು ಅಲ್ಲಗಳೆಯುವುದು ಕೃತಘ್ನತೆಯಾದೀತು. ಫ್ಲೋರೈಡಿನ ನೀರು ಕುಡಿದು ನಡು ಬಾಗಿದವರನ್ನು ಕಂಡವರಾರೂ ಹಾಗೆ ಮಾಡಲಾರರು. ನಾಣ್ಯ ಹಾಕಿದರೆ ಕೊಡ ತುಂಬುತ್ತದೆ, ಮದುವೆಯ ಮಾತುಕತೆಯಲ್ಲಿ "ನಿಮ್ಮೂರಾಗ ಫಿಲ್ಟರ್ ನೀರು ಐತೇನು?" ಎಂದು ಕೇಳುವವರೆಗೂ ಅದರ ಪ್ರತಿಷ್ಠೆ ಬೆಳೆದಿದೆ. ಆದರೆ ಆ ಯಂತ್ರ ಉಪ್ಪನ್ನು ನಾಶಮಾಡುವುದಿಲ್ಲ. ಒಂದು ಪಾಲು ನೀರಿನಿಂದ ತೆಗೆದು ಇನ್ನೊಂದು ಪಾಲು ನೀರಿಗೆ ತುಂಬುತ್ತದೆ. ಮುಂದಿನ ನಲ್ಲಿಯಲ್ಲಿ ಸಿಹಿನೀರು ಬೀಳುವಷ್ಟು ಹೊತ್ತೂ, ಹಿಂದಿನ ಕೊಳವೆಯಿಂದ ಅಷ್ಟೇ ಅಥವಾ ಅದಕ್ಕೂ ಹೆಚ್ಚಿನ, ಮೊದಲಿಗಿಂತ ಇಮ್ಮಡಿ ಸವಳಾದ ನೀರು ಹೊರಬೀಳುತ್ತಿರುತ್ತದೆ. ಅದು ಎಲ್ಲಿಗೆ ಹೋಗುತ್ತದೆಂಬುದನ್ನು ನೋಡುವ ಚಾಪಲ್ಯದಿಂದ ನಾನು ಹಲವು ಊರುಗಳಲ್ಲಿ ಘಟಕದ ಹಿಂಬದಿಗೆ ಸುತ್ತು ಹಾಕಿದ್ದೇನೆ. ಚರಂಡಿಗೆ, ಇಲ್ಲವೆ ಪಕ್ಕದ ತಗ್ಗಿಗೆ. ಒಂದು ಕಡೆಯಂತೂ ಅಂತರ್ಜಲ ಮರುಪೂರಣಕ್ಕೆಂದು ತೋಡಿದ ಗುಂಡಿಗೇ ಆ ಕೊಳವೆಯನ್ನು ಬಿಟ್ಟಿದ್ದರು. ಯಾರ ದುರುದ್ದೇಶವೂ ಅದರಲ್ಲಿರಲಿಲ್ಲ. ಗುಂಡಿ ಸಮೀಪದಲ್ಲಿದ್ದಿತು, ನೀರು ಪೋಲಾಗುವುದೇಕೆಂದು ಯಾರೋ ಮಿತವ್ಯಯಿಗಳು ಯೋಚಿಸಿದ್ದರು. ಘಟಕಕ್ಕೆ ನೀರೆತ್ತುವ ಕೊಳವೆಬಾವಿ ಅಲ್ಲಿಂದ ಮೂವತ್ತು ಹೆಜ್ಜೆ. ಯಂತ್ರವು ತಾನು ಉಗುಳಿದುದನ್ನು ತಾನೇ ಮತ್ತೆ ಕುಡಿಯುತ್ತ, ವರ್ಷದಿಂದ ವರ್ಷಕ್ಕೆ ಹೆಚ್ಚು ದಣಿಯುತ್ತ, ಕೊನೆಗೊಂದು ದಿನ ಉಪ್ಪುಗಟ್ಟಿದ ಪೊರೆಯೊಡನೆ ಬಾಗಿಲು ಮುಚ್ಚುತ್ತದೆ.

"ಮಲಪ್ರಭೆಯ ನೀರು ಮನೆಮನೆಯ ನಳಕ್ಕೆ ಬಂದ ಮೇಲೆ ನೆಲದಡಿಯ ಸವಳಿನ ಚಿಂತೆಯೇಕೆ?" ಎಂದು ಕೇಳುವವರುಂಟು. ಬಹುಗ್ರಾಮ ಯೋಜನೆಗಳು ಬರಲಿ, ಬರಲೇಬೇಕು. ಮಹದಾಯಿ ನ್ಯಾಯಮಂಡಳಿ ೨೦೧೮ರ ಆಗಸ್ಟ್ ೧೪ರಂದು ಕರ್ನಾಟಕಕ್ಕೆ ಹಂಚಿಕೊಟ್ಟ ೧೩.೪೨ ಟಿ.ಎಂ.ಸಿ.ಯಲ್ಲಿ ಕಳಸಾ ಬಂಡೂರಿ ಹಳ್ಳಗಳಿಂದ ಮಲಪ್ರಭೆಗೆ ತಿರುಗಿಸಬಹುದಾದ ೩.೯ ಟಿ.ಎಂ.ಸಿ.ಯೂ ಬರಲಿ, ಅದಕ್ಕಾಗಿ ವರ್ಷಗಟ್ಟಲೆ ಬೀದಿಯಲ್ಲಿ ಕುಳಿತ ಈ ಸೀಮೆಯ ಜನರ ಹಟವನ್ನು ನಾನು ಗೌರವಿಸುತ್ತೇನೆ. ಆದರೆ ಕಾಲುವೆ ಮತ್ತು ಕೊಳವೆಗಳ ನೀರು ಮುಗಿಲಿನ ಕೃಪೆಯನ್ನೂ, ಕೋರ್ಟಿನ ತೀರ್ಪನ್ನೂ, ವಿದ್ಯುತ್ತನ್ನೂ, ಗುತ್ತಿಗೆದಾರನ ಪ್ರಾಮಾಣಿಕತೆಯನ್ನೂ ಅವಲಂಬಿಸಿದೆ. ಈ ನಾಲ್ಕರಲ್ಲಿ ಒಂದು ಕೈಕೊಟ್ಟ ವರ್ಷ, ಅಣೆಕಟ್ಟು ಅರ್ಧವೂ ತುಂಬದ ವರ್ಷ, ಊರಿನವರು ಮತ್ತೆ ಬಂದು ನಿಲ್ಲುವುದು ಆ ಹಳೆಯ ಬಾವಿಯ ಕಟ್ಟೆಯ ಮೇಲೆಯೇ. ಸವಳಾದರೂ ದನಕ್ಕಾದೀತು, ಪಾತ್ರೆಗಾದೀತು, ತೀರ ಕಷ್ಟದಲ್ಲಿ ಮನುಷ್ಯರಿಗೂ ಆದೀತು. ಔಷಧದ ಡಬ್ಬಿ ಬಿದ್ದ ಬಾವಿಯ ನೀರು ಯಾರಿಗಾದೀತು? ನೀರಿನಲ್ಲಿ ಕರಗಿದ ಲವಣವು ಲೀಟರಿಗೆ ೫೦೦ ಮಿಲಿಗ್ರಾಂ ಒಳಗಿದ್ದರೆ ಉತ್ತಮವೆಂದೂ, ಬೇರೆ ಮೂಲವಿಲ್ಲದಾಗ ೨೦೦೦ದವರೆಗೂ ಸಹಿಸಬಹುದೆಂದೂ ಮಾನಕವು ಹೇಳುವುದರ ಅರ್ಥ, ಸವಳೆಂಬುದು ಒಂದು ಜಾತಿಯಲ್ಲ, ಒಂದು ಪ್ರಮಾಣ ಎಂಬುದೇ. ಸಾವಿರದೈನೂರರ ನೀರನ್ನು ಮೂರು ಸಾವಿರಕ್ಕೆ ಏರಗೊಡುವುದೂ, ಎರಡು ಸಾವಿರದೈನೂರರದನ್ನು ಎರಡು ಸಾವಿರದೊಳಕ್ಕೆ ಇಳಿಸುವುದೂ ನಮ್ಮ ಕೈಯಲ್ಲಿರುವ ಕೆಲಸಗಳು.

ಕಾನೂನು ಇಲ್ಲವೆಂದು ಹೇಳುವಂತಿಲ್ಲ. ೧೯೭೪ರ ಜಲಮಾಲಿನ್ಯದ ಕಾಯದೆ ನೆಲದಡಿಯ ನೀರಿಗೂ ಅನ್ವಯಿಸುತ್ತದೆ. ಸಾರ್ವಜನಿಕ ಕುಡಿಯುವ ನೀರಿನ ಮೂಲದಿಂದ ೫೦೦ ಮೀಟರಿನೊಳಗೆ ಅನುಮತಿಯಿಲ್ಲದೆ ಬಾವಿ ತೋಡಬಾರದೆಂದು ೧೯೯೯ರ ರಾಜ್ಯದ ಕಾಯದೆ ಹೇಳುತ್ತದೆ. ೨೦೧೧ರ ಅಂತರ್ಜಲ ಕಾಯದೆ ಎಷ್ಟು ಎತ್ತಬಹುದೆಂಬುದನ್ನು ನೋಡುತ್ತದೆ. ಏನನ್ನು ಸುರಿಯುತ್ತಿದ್ದೇವೆ ಎಂಬುದರ ಕಡೆ ಅದರ ಲಕ್ಷ್ಯ ಕಡಿಮೆ. ನನ್ನ ಬೇಡಿಕೆಗಳು ಹೊಸ ಕಾಯದೆಯನ್ನು ಕೇಳುವಷ್ಟು ದೊಡ್ಡವೂ ಅಲ್ಲ. ಊರಿನ ಕುಡಿಯುವ ನೀರಿನ ಕೆರೆಗೆ, ಅದರಲ್ಲಿ ಈಗ ಕಾಲುವೆಯ ನೀರೇ ತುಂಬುತ್ತಿದ್ದರೂ, ಹಿಂದಿನ ಮರ್ಯಾದೆ ಮರಳಬೇಕು, ಏರಿಯ ಕೆಳಗೆ ಯಾರನ್ನೂ ನಿಲ್ಲಿಸದ ಹೊಸ ರೀತಿಯಲ್ಲಿ. ಅದರ ಅಂಗಳದಲ್ಲಿ ಗುಂಟೆ ಜಾಗವೂ ಕೈಬದಲಾಗಬಾರದು. ೨೦೧೪ರಲ್ಲಿ ಮೊದಲಾದ ಕೃಷಿಭಾಗ್ಯದಿಂದ ಎರೆಯ ಹೊಲಗಳಲ್ಲಿ ತೆರೆದ ಹೊಂಡಗಳು ಬೆಳೆಗೆ ಒಂದು ನೀರು ಕೊಟ್ಟು ಉಳಿಸಿವೆ. ಹಳ್ಳದ ಮಗ್ಗುಲಿನ ಕೆಲವನ್ನಾದರೂ ಸವಳನ್ನು ಕೆಳಗೊತ್ತುವ ಉದ್ದೇಶದಿಂದಲೇ ಜಾಗ ನೋಡಿ ತೋಡಬೇಕು. ಶುದ್ಧ ನೀರಿನ ಘಟಕಕ್ಕೆ ಪರವಾನಗಿ ಕೊಡುವ ಕಾಗದದಲ್ಲಿ ಹಿಂದಿನ ಕೊಳವೆ ಎಲ್ಲಿಗೆ ಹೋಗುವುದೆಂಬ ಒಂದು ಅಂಕಣವಿರಬೇಕು. ಆ ಸವಳನ್ನು ತಳ ಸೋರದಂತೆ ಕಟ್ಟಿದ ತೆರೆದ ತೊಟ್ಟಿಯಲ್ಲಿ ಬಿಸಿಲಿಗೊಪ್ಪಿಸಿದರೆ ಎರೆಯ ನಾಡಿನ ಬಿಸಿಲು ಆ ಕೆಲಸವನ್ನು ಪುಕ್ಕಟೆ ಮಾಡಿಕೊಡುತ್ತದೆ. ಬಸಿಗಾಲುವೆಗಳ ಹೂಳು ತೆಗೆಯುವ ಹಣವು ಕಾಲುವೆಯ ದುರಸ್ತಿಯ ಹಣದೊಡನೆಯೇ ಬರಬೇಕು. ಹುಬ್ಬಳ್ಳಿಯ ನೀರಿನ ಬಿಲ್ಲಿನಲ್ಲಿ ಬೆಣ್ಣಿಹಳ್ಳದ ಹೆಸರೂ ಒಂದು ಸಾಲಿನಲ್ಲಿ ಬರಲಿ ಎಂಬುದು ನನ್ನ ಹಳೆಯ ಆಸೆ. ಅದನ್ನು ಕೇಳಿದ ಮಿತ್ರರೆಲ್ಲ ನಕ್ಕಿದ್ದಾರೆ, ಆದ್ದರಿಂದ ಒತ್ತಾಯಿಸುವುದಿಲ್ಲ.

ಬೆಣ್ಣಿಹಳ್ಳದ ದಂಡೆಯ ಯಮನೂರಿನಲ್ಲಿ ಬೇಸಿಗೆಯ ಮೊದಲಿಗೆ ಚಾಂಗದೇವರ ಜಾತ್ರೆ ನೆರೆಯುತ್ತದೆ. ಹಿಂದೂಗಳು ಚಾಂಗದೇವನೆಂದೂ ಮುಸಲ್ಮಾನರು ರಾಜಾಬಾಗಸವಾರನೆಂದೂ ನಡೆದುಕೊಳ್ಳುವ ಆ ದೈವಕ್ಕೆ ಹಳ್ಳದ ನೀರಿನಿಂದಲೇ ದೀಪ ಉರಿಯುವುದೆಂಬುದು ಜನದ ನಂಬುಗೆ, ಆ ಹಳ್ಳದಲ್ಲಿ ಮಿಂದರೆ ಚರ್ಮದ ರೋಗಗಳು ಹೋಗುವುವೆಂಬುದು ಇನ್ನೊಂದು. ನಾಡಿನ ನಾನಾ ಕಡೆಗಳಿಂದ ಬರುವ ಜನ ಮಕ್ಕಳುಮರಿಗಳೊಡನೆ ಅಲ್ಲಿ ಮುಳುಗೇಳುತ್ತಾರೆ, ಬಾಟಲಿಗಳಲ್ಲಿ ತುಂಬಿಕೊಂಡು ಊರಿಗೆ ಒಯ್ಯುತ್ತಾರೆ. ಆ ಹೊತ್ತಿಗೆ ಹಳ್ಳದಲ್ಲಿ ಮಳೆಯ ನೀರು ಎಲ್ಲಿಯದು? ಮುಂದಿನ ಜಾತ್ರೆಗೆ ಎಂಟು ದಿನ ಮುಂಚೆ, ಹುಬ್ಬಳ್ಳಿಯ ನಾಲೆ ಹಳ್ಳವನ್ನು ಸೇರುವಲ್ಲಿ ಒಂದು ಬಾಟಲಿ, ಯಮನೂರಿನ ಸ್ನಾನಘಟ್ಟದಲ್ಲಿ ಒಂದು ಬಾಟಲಿ, ದಂಡೆಯ ಮೂರು ಹಳ್ಳಿಗಳ ಬಾವಿಗಳಿಂದ ಒಂದೊಂದು ಬಾಟಲಿ ನೀರು ತುಂಬಿ, ಧಾರವಾಡದ ಪ್ರಯೋಗಶಾಲೆಯಲ್ಲಿ ಪರೀಕ್ಷಿಸಿ, ಬಂದ ಅಂಕಿಗಳನ್ನು ಜಾತ್ರೆಯ ಧ್ವನಿವರ್ಧಕದಲ್ಲಿ, ಕಳೆದುಹೋದ ಮಕ್ಕಳ ಹೆಸರು ಕೂಗುವುದರ ನಡುನಡುವೆ, ತಹಶೀಲ್ದಾರರು ತಾವೇ ನಿಂತು ಓದಲಿ.